ಸೊನ್ನೆ ಆದರೆ

ಬ್ಯಾಂಕಿನಲ್ಲಿ ಅಂದು ಕಾಫಿ ಕೊಟ್ಟರು, ಜೊತೆಗೊಂದು ಕರಿ ಚಾಕಲೇಟು.
ನಾನು ಸ್ಟೇಇನುನ್, ಅಕುರೇರಿಯಲ್ಲಿ ಊರ ಬಸ್ಸು ಓಡಿಸುವವಳು.
ಪಕ್ಕದಲ್ಲಿ ಹಾಲ್‌ಬ್ಯೋರ್ನ್, ಬಲೆ ಹೆಣೆದು ಒಡೆದ ಬೆರಳುಗಳನ್ನು
ಮೇಜಿನ ಕೆಳಗೆ ಬಚ್ಚಿಟ್ಟುಕೊಂಡು.
ಎರಡು ಕೋಟಿ ಕ್ರೋನಾ. ನಲವತ್ತು ವರ್ಷ.
ನಾನೂರ ಎಂಬತ್ತು ಕಂತಿನ ಪಟ್ಟಿಯನ್ನು
ಇಸ್ತ್ರಿ ಅಂಗಿಯಂತೆ ಮಡಿಸಿ ಕೊಟ್ಟ ಹುಡುಗ.
ಕೊನೆಯ ಸಾಲಿನಲ್ಲಿ ಸಾಲವಿರಲಿಲ್ಲ.
ತಲೆಬರಹದ ಅಡಿಗೆ, ಇರುವೆ ಹರಿದಂಥ ಅಕ್ಷರದಲ್ಲಿ:
ಬೆಲೆಯೇರಿಕೆ ಸೊನ್ನೆ ಆದರೆ.

ಓದಿದೆ. ಓದಿ ದಾಟಿದೆ,
ಹಸಿರು ದೀಪ ದಾಟುವ ಹಾಗೆ.

ಮೊದಲ ತಿಂಗಳು ಕಟ್ಟಿದ್ದು ಎಂಬತ್ತೈದು ಸಾವಿರ.
ಬಡ್ಡಿಯ ಬಾಯಿಗೆ ಅರವತ್ತೊಂಬತ್ತು,
ಅಸಲಿಗೆ ಹದಿನಾರು.
"ಬಾಗಿಲ ಹಿಡಿಕೆ ನಮ್ಮದಾಯ್ತು ಕಣೆ" ಎಂದು
ಹಾಲ್‌ಬ್ಯೋರ್ನ್ ಅದನ್ನು ತೋಳಿನಿಂದ ಒರೆಸಿದ.
ಅದೇ ತಿಂಗಳು ಹಾಲಿಗೆ, ಪೆಟ್ರೋಲಿಗೆ, ಕ್ಷೌರಕ್ಕೆ
ದೇಶದಲ್ಲಿ ಒಂದಿಷ್ಟು ಬೆಲೆ ಏರಿತು.
ಏರಿದ್ದನ್ನೆಲ್ಲ ಕೂಡಿ, ಭಾಗಿಸಿ,
ನಮ್ಮ ಅಸಲಿನ ಬೆನ್ನಿಗೆ ಎಂಬತ್ತು ಸಾವಿರ ಹೇರಿದರು.
ಇಲ್ಲಿಯ ಸಾಲವೇ ಹಾಗೆ,
ಪೇಟೆಯ ಕೈಹಿಡಿದು ನಡೆಯುತ್ತದೆ.
ಹಿಡಿಕೆ ಹೋಯಿತು. ಜೊತೆಗೆ ಚಿಲಕವೂ.

ನಾನು ಸಕ್ಕರೆ ಬಿಟ್ಟೆ. ಸಾಲ ಸಕ್ಕರೆ ಬಿಡಲಿಲ್ಲ.
ರೇಕ್ಯಾವಿಕ್‌ನಲ್ಲಿ ಯಾರೋ ಕೇಕಿಗೆ ಹತ್ತು ಕ್ರೋನಾ ಹೆಚ್ಚು ಕೊಟ್ಟರೆ
ನನ್ನ ಅಡುಗೆಮನೆಯ ಗೋಡೆ ತುಟ್ಟಿಯಾಗುತ್ತಿತ್ತು.
ಹನಿಗೂಡಿ ಹಳ್ಳ, ಸರಿ.
ಹಳ್ಳ ಯಾರ ಹೊಲಕ್ಕೆ ಹರಿಯಿತು?

ಮೂರನೆಯ ಶರತ್ಕಾಲ, ಒಂದೇ ವಾರದಲ್ಲಿ ಬ್ಯಾಂಕುಗಳು ಮಗುಚಿದವು.
ಹೊಸ ಹೆಸರು, ಹೊಸ ಫಲಕ, ಅದೇ ಹುಡುಗ.
ಕಾಫಿ ಇಲ್ಲ.
ಮುಳುಗಿದ ಹಡಗಿನಿಂದ ನಮ್ಮ ಸಾಲ ಮಾತ್ರ
ಒದ್ದೆಯಾಗದೆ ಈಜಿ ದಡಕ್ಕೆ ಬಂತು,
ಬರುವಾಗ ದಪ್ಪಗಾಗಿತ್ತು.

ಶನಿವಾರ ಬಿಸಿನೀರ ಕೊಳದಲ್ಲಿ
ಕುತ್ತಿಗೆಮಟ್ಟ ಕುಳಿತು ಕೆಟಿಲ್ ಕೇಳುತ್ತಾನೆ: ಇನ್ನೆಷ್ಟು?
ತಗೊಂಡದ್ದಕ್ಕಿಂತ ಹೆಚ್ಚು, ಎನ್ನುತ್ತೇನೆ.
ನಗುತ್ತೇವೆ. ಆವಿಯಲ್ಲಿ ಯಾವ ನಗು ಯಾರದೆಂದು ತಿಳಿಯದು.
"ಮನೆಯ ಬೆಲೆಯೂ ಏರಿದೆಯಲ್ಲ!"
ಏರಿದೆ ಮಾರಾಯ. ಆದರೆ
ಗೋಡೆಯ ಒಂದು ತಗಡು ಕಿತ್ತು ಕೊಟ್ಟು
ಬ್ರೆಡ್ಡು ತರಲಾದೀತೆ?

ಹತ್ತೊಂಬತ್ತನೆಯ ಚಳಿಗಾಲ,
ಹನ್ನೊಂದು ಗಂಟೆಗೆ ಬೆಳಗಾಗುವ ಒಂದು ದಿನ,
ಬಸ್ಸಿನ ವೇಳಾಪಟ್ಟಿಯ ಹಿಂಬದಿಯಲ್ಲಿ ಕೂಡಿಸಿದೆ.
(ಬಸ್ಸಿಗೆ ಇಲ್ಲಿ ಟಿಕೆಟ್ಟಿಲ್ಲ. ಊರಲ್ಲಿ ಪುಕ್ಕಟೆ ಅದೊಂದೇ.)
ಆ ಸೊನ್ನೆ ನಿಜವಾಗಿದ್ದರೂ ನಾವು ಕಟ್ಟುವುದು ಎರಡು ಮನೆ:
ಒಂದರಲ್ಲಿ ನಾವಿಬ್ಬರು, ಆಸ್ದೀಸ್, ಅವಳ ಬೆಕ್ಕು.
ಪಕ್ಕದ್ದರಲ್ಲಿ ಬಡ್ಡಿ, ಬಾಡಿಗೆಯಿಲ್ಲದೆ, ಕಾಲು ಚಾಚಿಕೊಂಡು.
ಸೊನ್ನೆ ಸುಳ್ಳಾದದ್ದಕ್ಕೆ ಅದರಾಚೆ ಇನ್ನೊಂದು, ಅದರಾಚೆ ಮತ್ತೊಂದು.
ಕಿಟಕಿಯಿಂದ ಇಣುಕಿದೆ, ಹಿಮ ಮಾತ್ರ.
ಅಷ್ಟು ದೊಡ್ಡ ಬೀದಿ ಕಟ್ಟಿದವರು ನಾವು,
ಒಂದು ದೀಪವೂ ಕಾಣಲಿಲ್ಲ.

ಮೊನ್ನೆ ಆಸ್ದೀಸ್ ತನ್ನ ಪಟ್ಟಿ ತಂದಳು.
ಬೇರೆ ಬ್ಯಾಂಕು, ಬೇರೆ ಕಾಗದ, ಅದೇ ಇರುವೆ ಸಾಲು.
ಬೇಡ ಎನ್ನಲಿಲ್ಲ. ಬೇಡ ಎಂದರೆ ಅವಳು ಮಲಗುವುದೆಲ್ಲಿ?
ಬೆರಳಿಟ್ಟೆ, ಆ ಪದದ ಮೇಲೆ.
"ಮೊದಲ ವರ್ಷಗಳಲ್ಲೇ ಕೈಲಾದಷ್ಟು ಹೆಚ್ಚು ಕಟ್ಟು ಮಗಳೇ,
ಅಸಲಿಗೆ ಎಂದು ಬರೆದು.
ಆಗ ಕೊಂದ ಒಂದು ಕ್ರೋನಾ ಮರಿ ಹಾಕುವುದಿಲ್ಲ."
ಅವಳು ತಲೆಯಾಡಿಸಿದಳು. "ಆದರೆ ಅಮ್ಮ,
ಅಲ್ಲಿ ಒಂದು ಕಿಟಕಿ ಫ್ಯೋರ್ಡಿನ ಕಡೆಗಿದೆ."

ನಮ್ಮೂರಲ್ಲಿ ಕೆಂಪು ದೀಪ ಹೃದಯದ ಆಕಾರದಲ್ಲಿ ಉರಿಯುತ್ತದೆ,
ಬ್ಯಾಂಕು ಬಿದ್ದ ಕಾಲದಲ್ಲಿ ಜನರಿಗೆ ಸಮಾಧಾನವಾಗಲೆಂದು ಹಾಕಿದ್ದು.
ಇಂದು ಬೆಳಿಗ್ಗೆ ಅದರೆದುರು ಬಸ್ಸು ನಿಲ್ಲಿಸಿದ್ದೆ.
ಹಸಿರಾಯಿತು. ಹಿಂದಿನವನು ಹಾರ್ನ್ ಹೊಡೆದ.
ನಾನಿನ್ನೂ ಓದುತ್ತಿದ್ದೆ.