ಇಪ್ಪತ್ತೆರಡನೇ ಶೇಷ

ತಾರ್ತು ಊರಿನ ಹೊಳೆ ಹೆಪ್ಪುಗಟ್ಟಿ ಹನ್ನೊಂದು ದಿನ.
ಮೂರನೇ ಮಹಡಿಯ ಲ್ಯಾಬಿನಲ್ಲಿ ವಿರ್ವೆ ಸಾರ್ಮೆತ್ಸ್
ಹುಡುಗನ ಪ್ರಬಂಧದ ಮೇಲೆ ಕೆಂಪು ಪೆನ್ಸಿಲ್ಲು ಎಳೆದಳು, ಒಂದೇ ಗೆರೆ.
'ಇಪ್ಪತ್ತೆರಡನೇ ಜಾಗದ ಅಮೈನೋ ಆಮ್ಲ' ಎಂದಿತ್ತು ಅಲ್ಲಿ.
ಹೊಡೆದುಹಾಕಿ ಬರೆದಳು: ಶೇಷ.

ಉಕುವಿಗೆ ಶೇಷವೆಂದರೆ ಬೀಕರಿನ ತಳ ಹಿಡಿದದ್ದು,
ಬ್ರಷ್ಷಿಗೂ ಜಗ್ಗದೆ ಮರುದಿನಕ್ಕೆ ಕಾಯುವಂಥದ್ದು.
ಕೆಲಸ ಮಾಡುವ ಪ್ರೋಟೀನಿಗೆ
ಇದೆಂಥ ಮುಸುರೆಯ ಹೆಸರು?

ಅವರ ಮಾತಿನಲ್ಲಿ ಆ ಪದ: ಯಾಕ್.
ಕನ್ನಡದ ಕಿವಿಗೆ ಅದು ಪದವಲ್ಲ, ಪ್ರಶ್ನೆ.
ಅದರೊಳಗೊಂದು ಯಾ. ಯಾ ಅಂದರೆ ಮಂಜುಗಡ್ಡೆ,
ಯಾ ಅಂದರೆ ಹೋಗಬೇಡ, ಇರು, ಎಂದೂ.
ಕಿಟಕಿಯಾಚೆ ಹೊಳೆ ಎರಡನ್ನೂ ಒಟ್ಟಿಗೇ ಪಾಲಿಸುತ್ತಿತ್ತು.

ವಿರ್ವೆ ಪಾಠದವಳಲ್ಲ, ತಕ್ಕಡಿಯವಳು.
'ಒಂಟಿ ಗ್ಲೈಸಿನ್ ತೂಗು. ಎಪ್ಪತ್ತೈದು.
ಸರಪಳಿಯೊಳಗಿಟ್ಟು ತೂಗು. ಐವತ್ತೇಳು.
ಹದಿನೆಂಟು ಯಾರು ತಿಂದರು?'
ಉಕು ಬೆರಳು ಮಡಚಿದ. 'ನೀರು.'
'ಹ್ಞಾಂ. ಕೈ ಹಿಡಿಯಬೇಕಾದರೆ
ಕೈಯಲ್ಲಿದ್ದದ್ದನ್ನು ಕೆಳಗಿಡಬೇಕು.
ಒಬ್ಬ ಹೈಡ್ರೋಜನ್ ಬಿಟ್ಟ,
ಇನ್ನೊಬ್ಬ ಆಕ್ಸಿಜನ್ನಿನ ಜೊತೆ ಮತ್ತೊಂದು ಹೈಡ್ರೋಜನ್.
ಬಿಟ್ಟದ್ದೆಲ್ಲ ಕೂಡಿ ನೀರಾಗಿ ನಡೆಯಿತು.
ಉಳಿದವನನ್ನು ಇನ್ನೂ ಆಮ್ಲ ಅನ್ನಬೇಡ.
ಸೇರಿದ ಮೇಲೆ ಉಳಿದಷ್ಟು. ಅಷ್ಟೇ ಅವನು.'

ಋಣಶೇಷ ಇಡಬೇಡ, ಅಗ್ನಿಶೇಷ ಇಡಬೇಡ ಅನ್ನುವವರು ನಾವು,
ಭಾಗಾಕಾರದ ಬುಡದಲ್ಲಿ ಸೊನ್ನೆ ಬಂದರೆ ಹಿಗ್ಗುವವರು.
ಇಲ್ಲಿ ಶೇಷವೇ ಮೈ.
ಶೇಷದ ಹೆಗಲಿಗೆ ಶೇಷ, ನೂರಿಪ್ಪತ್ತೊಂಬತ್ತು,
ಕೋಳಿಮೊಟ್ಟೆಯ ಬಿಳಿಯಲ್ಲಿ ಹೆಡೆಯಿಲ್ಲದೆ ಸುರುಳಿ ಸುತ್ತಿ
ಬ್ಯಾಕ್ಟೀರಿಯಾದ ಗೋಡೆಗೆ ಕನ್ನ ಹಾಕುತ್ತದೆ.

ಕಾಫಿಗೆ ಎದ್ದಾಗ, ಯಾರೂ ಕೇಳದೆ, ಅವಳು ಹೇಳಿದ್ದು:
ವಿಲ್ಯಾಂದಿಯ ದಾರಿ. ಆಗಸ್ಟಿನ ಸಂಜೆ ಏಳು.
ಮೂರು ದೇಶ ಕೈಗೆ ಕೈ ಕೊಟ್ಟು ನಿಂತ ಆ ಕಾಲುಗಂಟೆ.
ನನ್ನ ಬಲಗೈಯಲ್ಲಿ ಎನಾಮಲ್ ಡಬ್ಬ, ಕುಡಿಯೋ ನೀರು.
ಪಕ್ಕದವನು ಕೈ ಚಾಚಿದ. ಡಾಂಬರಿನ ವಾಸನೆ. ಕಿರುಬೆರಳಿಲ್ಲ.
ಡಬ್ಬ ಕೆಳಗಿಟ್ಟೆ. ಯಾರದೋ ಮಗು ಒದ್ದಿತು.
ನೀರು ಹೊಲದ ಕಡೆ ಹೋಯಿತು, ನೋಡಿದವರಿಲ್ಲ.
ಹೆಸರು ಕೇಳಲಿಲ್ಲ. ಅಲ್ಲಿ ಹೆಸರು ಬೇಕಿರಲಿಲ್ಲ,
ಎಷ್ಟನೆಯವನು ಅನ್ನುವುದೂ ಬೇಕಿರಲಿಲ್ಲ,
ಸಂದು ಬಿಡದೆ ನಿಂತರೆ ಸಾಕಿತ್ತು.

'ಆಮೇಲೆ?'
'ಆಮೇಲೇನು. ಬಸ್ಸು ಬಂತು.'

ನೀರು ಮರಳಿಸಿದರೆ ಕೈಗಳು ಬಿಡುತ್ತವೆ,
ಎಲ್ಲರೂ ಮತ್ತೆ ಇಡಿಯಾಗುತ್ತಾರೆ, ಮತ್ತೆ ಒಂಟಿ.
ಬಾಯಿ ಬೆಸೆದ ಗಾಜಿನ ನಳಿಗೆ, ಕಡು ಆಮ್ಲ,
ನೂರಹತ್ತು ಡಿಗ್ರಿಯಲ್ಲಿ ಒಂದು ಹಗಲು, ಒಂದು ರಾತ್ರಿ.
ಬೆಳಿಗ್ಗೆ ಎಣಿಸಿದರೆ ಗ್ಲೈಸಿನ್ ಹನ್ನೆರಡೂ ಹಾಜರು,
ಹದಿನೆಂಟನ್ನು ಹೊದ್ದುಕೊಂಡು, ಏನೂ ಆಗದವರ ಹಾಗೆ.
ಟ್ರಿಪ್ಟೋಫಾನ್ ಆರಿದ್ದವು.
ಒಂದೂ ಸಿಗುವುದಿಲ್ಲ.
ನಾನಾಗಿದ್ದರೆ ಕೇಳಿಬಿಡುತ್ತಿದ್ದೆ: ಯಾಕ್?
ಉಕು ಕೇಳಲಿಲ್ಲ. ಪುಸ್ತಕದಲ್ಲಿ ಓದಿದ್ದ,
ಬಿಡಿಸುವ ಬಿಸಿಯನ್ನು ಅವು ತಾಳುವುದಿಲ್ಲ.

ನಾಲ್ಕು ಗಂಟೆಗೇ ಕತ್ತಲು. ಅವನು ಕೂತು ತಿದ್ದಿದ,
ನಲವತ್ತೊಂದು ಕಡೆ ಆಮ್ಲ ತೆಗೆದು ಶೇಷ.
ಕೊನೆಯ ಪುಟದ ಅಂಚಿನಲ್ಲಿ, ತನಗಷ್ಟೇ, ಲೆಕ್ಕ:
ನೂರಿಪ್ಪತ್ತೊಂಬತ್ತು ಜನ, ನೂರಿಪ್ಪತ್ತೆಂಟು ನೀರು.
ತುದಿಯ ಇಬ್ಬರು ಮಾತ್ರ
ಒಂದೊಂದು ಕೈಯಲ್ಲಿ ಏನನ್ನೋ ಇನ್ನೂ ಹಿಡಿದೇ ಇದ್ದಾರೆ.

ಪೆನ್ಸಿಲ್ಲು ವಾಪಸಿಡಲು ಹೋದ.
ಸಿಂಕಿನ ಪಕ್ಕ ಎನಾಮಲ್ ಡಬ್ಬ,
ನೀಲಿ ಅಂಚು, ಒಂದು ಮಗ್ಗುಲು ಒಳಕ್ಕೆ ತಗ್ಗಿದೆ,
ಪುಟ್ಟ ಬೂಟಿನ ಅಳತೆಗೆ.