ಬೈ

ಸ್ಕೋರು ಪುಸ್ತಕದಲ್ಲಿ ದೂಮಪ್ಪನಿಗೆ ಮೂರು ಜಾಗ.
ಬ್ಯಾಟಿಂಗಿಗೆ ಇಳಿದರೆ ಹತ್ತನೇ ಸಾಲು, ಹೆಚ್ಚಾಗಿ ಸೊನ್ನೆ.
ಯಾರಾದರೂ ಔಟಾದರೆ ಬೌಲರನ ಹೆಸರಿನ ಹಿಂದೆ
ಸಣ್ಣಕ್ಷರದಲ್ಲಿ ಒಂದು ‘ಕ್ಯಾ’, ಒಂದು ‘ಸ್ಟಂ’.
ಮತ್ತೆ ಪುಟದ ಅಡಿಯಲ್ಲಿ, ಎಕ್ಸ್‌ಟ್ರಾ ಎಂಬ ಗೋಡೌನಿನಲ್ಲಿ,
ಬೈ.

ಚೆಂಡು ಬ್ಯಾಟಿಗೂ ತಾಗದೆ ಕೈಗೂ ಸಿಗದೆ
ಹಿಂದಕ್ಕೆ ಓಡಿದರೆ ಬೈ.
ಕನ್ನಡದಲ್ಲಿ ಅದಕ್ಕೆ ಬೇರೆ ಅರ್ಥವುಂಟು.
ಎರಡೂ ಅವನ ಪಾಲಿಗೇ ಬರುತ್ತಿದ್ದವು.

ಬರೆಯುತ್ತಿದ್ದವನು ನಾನು.
ಜೆಪ್ಪುವಿನ ಹಂಚಿನ ಕಾರ್ಖಾನೆ, ಟೈಮ್ ಆಫೀಸಿನ ಗುಮಾಸ್ತ;
ವಾರವಿಡೀ ಹಾಜರಿ, ಭಾನುವಾರ
ಮೈದಾನದ ಮರದಡಿ, ಕಾಲು ಮುರಿದ ಮೇಜಿನಲ್ಲಿ ರನ್ನು.
ಅವನನ್ನು ಖಾಯಂ ಮಾಡಿದ ದಿನವೂ ನನ್ನದೇ ಅಕ್ಷರ:
ದೂಮಪ್ಪ ಬಂಗೇರ, ವಯಸ್ಸು ಹತ್ತೊಂಬತ್ತು, ಲೋಡಿಂಗ್.
ಅಸಲು ಕಾರಣಕ್ಕೆ ರಿಜಿಸ್ಟರಿನಲ್ಲಿ ಕಾಲಮ್ಮಿರಲಿಲ್ಲ.

ಹೊಳೆಬದಿಯಲ್ಲಿ ಮಂಜಿಗೆ ಹಂಚು ತುಂಬುವಾಗ
ಜೋಡಿ ಜೋಡಿಯಾಗಿ ಎಸೆಯುತ್ತಾರೆ.
ಹಿಡಿಯುವವನು ಹಂಚಿಗೆ ಎದುರಾಗಬಾರದು,
ಅದರ ಜೊತೆಗೇ ಒಂದಿಷ್ಟು ಹಿಂದಕ್ಕೆ ಹೋಗಬೇಕು,
ನೆಂಟರ ಕೈಯಿಂದ ನಿದ್ದೆಯ ಮಗುವನ್ನು ಎತ್ತಿಕೊಂಡ ಹಾಗೆ.
ಸದ್ದಾದರೆ ಬಿರುಕು.
ದಿನಗೂಲಿಯ ಈ ಹುಡುಗನನ್ನು ಮ್ಯಾನೇಜರು
ಒಂದು ಗಂಟೆ ನಿಂತು ನೋಡಿದರು.
ಏನೂ ಕೇಳಿಸಲಿಲ್ಲ.
ಗ್ಲೌಸು ಕೊಡಿಸಿದರು.

ಹದಿನೇಳು ವರ್ಷ ಕುಕ್ಕರಗಾಲಲ್ಲಿ ಕೂತ.
ಕೆಲಸವಿಲ್ಲದ ಒಂದು ಮಧ್ಯಾಹ್ನ ನಾನು ಲೆಕ್ಕ ಹಾಕಿದ್ದೆ:
ನೆಟ್ಟು ಬಿಟ್ಟು, ಬರಿಯ ಮ್ಯಾಚಿನ ಓವರುಗಳಲ್ಲೇ
ಒಂದು ಲಕ್ಷ ಚಿಲ್ಲರೆ ಸಲ ಕೂತು ಎದ್ದಿದ್ದಾನೆ.
ಅಷ್ಟು ನಮಸ್ಕಾರ ದೇವರಿಗೆ ಹಾಕಿದ್ದರೆ
ಮೊಣಕಾಲಿಗೆ ಪುಣ್ಯವಾದರೂ ಬರುತ್ತಿತ್ತು.

ತೆಂಗಿನ ನಾರಿನ ಮ್ಯಾಟು, ಮೂಲೆಗೆ ಮೊಳೆ.
ಮೂರು ಗಂಟೆಯ ಮೇಲೆ ಕಡಲಗಾಳಿಗೆ ಅಂಚು ಏಳುತ್ತದೆ;
ಅದಕ್ಕೆ ತಾಗಿದ ಚೆಂಡಿನ ದಾರಿ ಚೆಂಡಿಗೂ ಗೊತ್ತಿಲ್ಲ.
ಸ್ಟ್ಯಾನಿ ಸಿಕ್ವೇರನ ಸ್ಪೀಡಿಗೆ ಎಡಗೈಯ ಕಿರುಬೆರಳು
ಪಕ್ಕದ ಬೆರಳಿಗೆ ಬೆನ್ನು ಹಾಕಿತು, ಮತ್ತೆ ರಾಜಿಯಾಗಲಿಲ್ಲ.
ಹೆಣ್ಣಿನ ಕಡೆಯವರು ಆ ಕೈ ನೋಡಿ
ಹುಡುಗನಿಗೆ ಎಂಥ ಕೆಲಸ ಎಂದು ಕೇಳಿದರು.
“ಹಿಡಿಯುವುದು” ಎಂದನಂತೆ.
ಮೀನು ಅಂದುಕೊಂಡರು; ಒಪ್ಪಿದರು.

ಹಿಡಿದದ್ದನ್ನೆಲ್ಲ ನಾನು ಬರೆಯಲಿಲ್ಲ.
ಕ್ಯಾಚು ಬರೆದೆ. ಲೆಗ್ಗಿನ ಕಡೆಗೆ ಎರಡು ಗಜ ಹಾರಿ
ಬರಿದೇ ತಡೆದ ಚೆಂಡಿಗೆ ಪುಸ್ತಕದಲ್ಲಿ ಚುಕ್ಕೆ.
ಆ ಚುಕ್ಕೆ ಬೌಲರನದು.
ಏನೂ ಆಗದಿರುವುದಕ್ಕೆ ಬೆವರಿಳಿಸಿದವನ ಹೆಸರು
ಎಲ್ಲಿ ಬರೆಯುತ್ತಾರೆ ಎಂದು
ಅಂಪೈರ್ ಗಟ್ಟಿಯವರನ್ನು ಕೇಳಿದ್ದೆ. ಅವರು ಎಲೆಯಡಿಕೆ ಉಗಿದು
“ನೀನು ಇವತ್ತು ಮೂರು ಲೆಗ್ ಬೈ ಬಿಟ್ಟಿದ್ದಿ” ಎಂದರು.

ವಲಯದ ಹದಿನಾರರಲ್ಲಿ ಒಮ್ಮೆ ಹೆಸರು ಬಂತು.
ಹುಬ್ಬಳ್ಳಿಯಲ್ಲಿ ಮೂರು ದಿನ
ಬೇರೆಯವನಿಗೆ ನೀರು, ಟವೆಲು, ಒಣ ಗ್ಲೌಸು.
ರಾತ್ರಿ ಬಸ್ಸಿನಲ್ಲಿ ಬಂದು ಎಂಟಕ್ಕೆ ಹಾಜರಿ ಹಾಕಿದ.
ನಾನು ಕೇಳಲಿಲ್ಲ. ಅವನೇ ಹೇಳಿದ:
“ಅಲ್ಲಿಯ ಮ್ಯಾಟು ಒಳ್ಳೆದುಂಟು.”

ಮತ್ತೆ ಊರಿಗೆಲ್ಲ ಟೆರೇಸು ಬಂತು. ಗೂಡು ಆರಿತು, ಟೀಮೂ.

ಕಳೆದ ತಿಂಗಳು ನಮ್ಮದೇ ಕಾರ್ಖಾನೆಯ ಮಾಡು ಇಳಿಸುತ್ತಿದ್ದರು.
ಮೇಲೆ ಹಿಂದಿ ಮಾತಾಡುವ ಹುಡುಗರು, ಕೆಳಗೆ ಅವನು.
ಕೂರಲಾಗುವುದಿಲ್ಲ ಈಗ. ಅರ್ಧ ಬಗ್ಗಿ
ಒಂದೊಂದನ್ನೇ ಗಾಳಿಯಿಂದ ಇಳಿಸಿಕೊಳ್ಳುತ್ತಿದ್ದ.
ರೇಶನ್ ಚೀಲ ಕೆಳಗಿಟ್ಟು ನಿಂತೆ. ನನ್ನ ಹೆಬ್ಬೆರಳು
ತಾನಾಗಿ ಬೆರಳಗೆಣ್ಣುಗಳನ್ನು ಎಣಿಸುತ್ತಿತ್ತು,
ನೂರ ನಾಲ್ಕು, ನೂರ ಐದು.
ಕಂಡ. ನಕ್ಕ. ಅಷ್ಟರಲ್ಲಿ
ಒಂದು ಹಂಚು ಕೈಯ ಪಕ್ಕದಿಂದ ದಾಟಿ ಕಲ್ಲಿಗೆ ಬಿತ್ತು.
ಕಂಪೆನಿಯ ಮುದ್ರೆ ಎರಡು ತುಂಡು.
ಮಾಡಿನ ಮೇಲಿನ ಹುಡುಗ ಏನೋ ಬೈದ.

ದೂಮಪ್ಪ ನನ್ನ ಕಡೆ ತಿರುಗಿ
“ಬೈ. ಬರೆಲೆ, ರೈಟರೆ” ಎಂದ.

ಜೇಬು ಮುಟ್ಟಿ ನೋಡಿಕೊಂಡೆ.
ಪೆನ್ನಿರಲಿಲ್ಲ.