ಹದಿನೈದನೇ ತಾರೀಖು

ನಾಲ್ಕು ಮಂದಿ ಪಟ್ಟಿ ಹಾಕತೀವಿ, ತಿಂಗಳಿಗೆ
ತಲಾ ನೂರಾ ಎಪ್ಪತ್ತೈದು:
ನಾನು, ನನ್ನ ತಮ್ಮ ವೀರಣ್ಣ, ಮ್ಯಾಲಿನ ಮನಿ ರಮಜಾನ,
ಸಿಮೆಂಟ್ ಫ್ಯಾಕ್ಟರಿ ಲೋಡರಿನ ಪುಂಡಲೀಕ.
ಪಟ್ಟಿ ಹಾಕಿದವರಿಗೆ ತಿಂಗಳಿಗೆ ಎರಡು ಸಲ ಪಟ್ಟಿ ಬರತೈತಿ,
ಯಾವ ಆಟ ಬಂತು, ಯಾವುದು ಹೊಂಟಿತು.

ಬರೋವು ಮ್ಯಾಲೆ, ದೊಡ್ಡ ದೊಡ್ಡ ಚಿತ್ರದಾಗ
ಕತ್ತಿ, ಬೆಂಕಿ, ಮಿಂಚೋ ಕಾರು.
ಹೋಗೋವು ಎಲ್ಲೋ ಕೆಳಗ.
ಬೆರಳು ಸವೆಯೂ ತನಕ ಸರಿಸಿದರ ಒಂದು ಗಡಿಯಾರದ ಗುರುತು,
ಇರುವಿಯಂಥ ಅಕ್ಷರ: ಶೀಘ್ರದಲ್ಲೇ ನಿರ್ಗಮನ.
ಮದುವಿ ಮನಿಯಾಗೂ ಹಂಗ ಅಲ್ಲೇನು,
ಬರೋರಿಗೆ ಅತ್ತರು,
ಹೋಗೋರು ತಮ್ಮ ಚಪ್ಪಲಿ ತಾವ ಹುಡಕಬೇಕು.

ಪುಂಡಲೀಕ ಹಗಲೆಲ್ಲ ಸುಣ್ಣದಕಲ್ಲು ಎತ್ತಿ ಹಾಕಿ
ರಾತ್ರಿ ನಮ್ಮಲ್ಲಿ ಬಂದು ಹಿಮದ ಕೆಸರಾಗ ಟ್ರಕ್ ಹೊಡೀತಾನ.
"ಇಲ್ಲಿ ಸೂಪರವೈಜರ್ ಇಲ್ಲಬೇ ಅಕ್ಕಾ" ಅಂತಾನ.
ರಮಜಾನಗ ಬಂದದ್ದೆಲ್ಲಾ ಬೇಕು. ಇಳಿಸ್ತಾನ, ತೆರೆಯಂಗಿಲ್ಲ.
ಒಮ್ಮೆ ತೊಂಬತ್ತೆರಡು ಜೀಬಿ,
ನಡುವ ಮೂರು ಸಲ ಕರೆಂಟು ಹೋಗಿ
ಇಳಿದು ಮುಗಿಯೋದರೊಳಗ ಆಟದ ಗಡುವೇ ಮುಗೀತು.

ನಂದು ಸಣ್ಣ ಆಟ.
ಒಂದು ನಡುಗಡ್ಡಿ. ಗುಂಡು ಹಾರಂಗಿಲ್ಲ, ಯಾರೂ ಸಾಯಂಗಿಲ್ಲ.
ಇಡೀ ದಿನ ದವಾಖಾನಿಯೊಳಗ ಮಂದಿ ರಕ್ತ ತಗದು
ಸೀಸೆಗೆ ಹೆಸರು ಅಂಟಿಸಿ ಬಂದಾಕಿ
ಅಲ್ಲಿ ಗಜ್ಜರಿ ಹಚ್ಚತೀನಿ, ಮೀನ ಹಿಡದು ಮತ್ತ ಬಿಡತೀನಿ.
ಹದಿನಾಲ್ಕು ತಿಂಗಳದಾಗ ಒಂದು ಮನಿ ಕಟ್ಟೀನಿ,
ಪಡಸಾಲಿ ದೊಡ್ಡದು, ಹಿತ್ತಲಾಗ ಪೇರಲ.
ಖರೇ ಅಂದರ ಆ ಆಟದಾಗ ಪೇರಲಗಿಡ ಇಲ್ಲ,
ಯಾವುದೋ ಹಸರು ಗಿಡಕ್ಕ ನಾನ ಹಂಗ ಅಂತೀನಿ.

ಈ ಸಲ ಗಡಿಯಾರ ಅದರ ಕೊರಳಿಗೆ ಬಿತ್ತು.

"ಕೊಂಡುಬಿಡು, ಇಪ್ಪತ್ತು ಪರ್ಸೆಂಟ್ ಕಮ್ಮಿ" ಅಂದ ವೀರಣ್ಣ.
"ಇಲ್ಲಾಂದ್ರೂ ನೀ ಉಳಿಸಿದ್ದು ಎಲ್ಲೂ ಹೋಗಂಗಿಲ್ಲ,
ಕ್ಲೌಡಿನಾಗ ಇರತೈತಿ. ಆಟ ಅಷ್ಟ ಇರಂಗಿಲ್ಲ."
ಮನಿ ಐತಿ, ಹೋಗಾಕ ದಾರಿ ಇಲ್ಲ.
ಇದನ್ನ ಬಾಗಲಕೋಟಿ ಮಂದಿಗೆ ಬಿಡಿಸಿ ಹೇಳಬೇಕೇನಪಾ.

ನಮ್ಮ ಗ್ವಾಡಿಗೆ ಕೆಂಪು ಬಣ್ಣದಾಗ ನಂಬರು ಬರದು ಹೋದಾಗ
ನಾನು ಮೂರನೇ ಇಯತ್ತೆ.
ಅದೂ ಒಂದು ಪಟ್ಟಿನ:
ಇಷ್ಟು ಮೀಟರಿನ ತನಕ ನೀರು, ಇಷ್ಟು ತಾರೀಖಿನ ತನಕ ನೀವು.
ಆಯಿ ಬಾಗಲದ ಚೌಕಟ್ಟು ಕಿತ್ತಿಸಿ ಟ್ರ್ಯಾಕ್ಟರಿಗೆ ಹೇರಿಸಿದಳು.
ನವನಗರದ ಸೆಕ್ಟರಿನ ಹೊಸಾ ಗ್ವಾಡಿಗೆ
ಅದು ಒಂದು ಗೇಣು ಎತ್ತರ ಆತು.
ಇವತ್ತಿಗೂ ಮಾಳಿಗಿ ಮ್ಯಾಲೆ ಅಡ್ಡ ಬಿದ್ದೈತಿ,
ಬ್ಯಾಸಿಗ್ಯಾಗ ಅದರ ಮ್ಯಾಲ ಸಂಡಿಗಿ ಒಣಗಸತೀವಿ.
ಹಿನ್ನೀರು ಸರದಾಗೊಮ್ಮೆ ಯಾರೋ ಫೋಟೋ ಕಳಸತಾರ,
ನಿಮ್ಮ ಕಟ್ಟಿ ಕಾಣತೈತಿ ನೋಡ್ರಿ ಅಂತ.
ಎರಡು ಬೆರಳಲೆ ಹಿಗ್ಗಿಸಿ ನೋಡತೀನಿ. ಕಲ್ಲು.

ಹೋಲಿಸಬಾರದು, ಗೊತ್ತೈತಿ.
ಅಲ್ಲಿ ಹೋದದ್ದು ಊರು.
ಇಲ್ಲಿ ಹೋಗೋದು ನೂರಾ ಎಪ್ಪತ್ತೈದರ ಬಾಡಿಗಿ,
ಬಾಡಿಗಿ ಮನಿಯಾಗ ಪೇರಲ ಹಚ್ಚಿದ್ದು ನನ್ನ ತಪ್ಪು.

ಹದಿನಾಲ್ಕರ ರಾತ್ರಿ ಒಬ್ಬಾಕೆ ಕೂತು
ಗಜ್ಜರಿಗೆ ನೀರು ಹಾಕಿದೆ. ಹಾಕೋ ಗರಜೇನೂ ಇರಲಿಲ್ಲ.
ಹೊಂಡದ ಮೀನು ಬಿಟ್ಟೆ.
ನಾಯಿ ಬಾಲ ಅಲ್ಲಾಡಿಸಿತು,
ಅದಕ್ಕ ಅಷ್ಟ ಕಲಿಸ್ಯಾರ.

ಮರುದಿನ ಸಂಜೀಕ ತೆರೆದರ
ಅದು ಇದ್ದ ಜಾಗಾನೂ ಇರಲಿಲ್ಲ.
ಉಳಿದ ಚಿತ್ರ ಒಂದೊಂದು ಮನಿ ಎಡಕ್ಕ ಸರದು
ಒತ್ತಿಕೊಂಡು ನಿಂತಿದ್ದವು, ಬಸ್ಸಿನ ಸೀಟಿನಾಗ ಕೂತಂಗ.

"ಕೆಲವು ಎರಡು ವರ್ಷಕ್ಕ ವಾಪಸ್ ಬರತಾವು" ಅಂದ ರಮಜಾನ.
"ಅಕ್ಕಾ, ಹೊಸಾ ಟ್ರಕ್ ಬಂದಾವು, ಹದಿನಾರು ಗಾಲಿ!" ಪುಂಡಲೀಕ.
ಆಮ್ಯಾಲ ದನಿ ಸಣ್ಣದು ಮಾಡಿ,
"ಮುಂದಿನ ತಿಂಗಳ ಪಟ್ಟಿ?"

ಇನ್ನೂರರ ನೋಟು ಕೊಟ್ಟು
ಚಿಲ್ಲರ ಇಪ್ಪತ್ತೈದು ಕೇಳಿ ಇಸಗೊಂಡೆ.